ದಾಖಲೆ ಮತ್ತು ಅದರ ವಾಕ್ಯ: ಗಣಕದ ಲಾಗ್ ಓದುವಲ್ಲಿ ಲೈಬ್ರರಿ ಕಡತಗಳ ಪಾತ್ರ

ಪ್ರವೇಶ

ವಿಶ್ವವಿದ್ಯಾಲಯಗಳ ಕನ್ನಡ ವಿಭಾಗಗಳಲ್ಲಿ ಹಸ್ತಪ್ರತಿಗಳ ಛಾಯಾಪ್ರತಿಗಳು, ಶಾಸನಪಾಠಗಳು, ನಿಘಂಟಿನ ಪದಸಂಗ್ರಹ, ಕ್ಷೇತ್ರಕಾರ್ಯದ ಧ್ವನಿಮುದ್ರಣಗಳು ಮೊದಲಾದ ಸಾಮಗ್ರಿಗಳು ಇಂದು ಮೇಜಿನ ಮೇಲಿನ ಗಣಕಯಂತ್ರಗಳಲ್ಲಿಯೇ ಸಂಗ್ರಹಗೊಳ್ಳುತ್ತಿವೆ. ಹಲವು ವರ್ಷಗಳ ಶ್ರಮದಿಂದ ಸಿದ್ಧಗೊಂಡ ಕಡತವೊಂದು ಒಂದು ದಿನ ಕಾಣೆಯಾದರೆ ಅದು ಹೇಗಾಯಿತು, ಯಾವಾಗ ಆಯಿತು, ಯಾರಿಂದ ಆಯಿತು ಎಂಬ ಪ್ರಶ್ನೆಗಳು ಏಳುತ್ತವೆ. ಇಂತಹ ಸಂದರ್ಭದಲ್ಲಿ ಮನುಷ್ಯರ ನೆನಪು ಒಂದನ್ನು ಹೇಳಿದರೆ ಅನುಮಾನ ಇನ್ನೊಂದನ್ನು ಹೇಳುತ್ತದೆ. ನಿಷ್ಪಕ್ಷಪಾತವಾಗಿ ಉತ್ತರ ಕೊಡಬಲ್ಲ ಸಾಕ್ಷಿಯೆಂದರೆ ಗಣಕವು ತಾನಾಗಿಯೇ ಬರೆದಿಡುವ ಘಟನಾ ದಾಖಲೆ, ಅಂದರೆ ಲಾಗ್.

ಆದರೆ ಈ ಸಾಕ್ಷಿಯ ಸ್ವರೂಪವನ್ನು ಕುರಿತು ಒಂದು ತಪ್ಪು ತಿಳಿವಳಿಕೆ ವ್ಯಾಪಕವಾಗಿದೆ. ಲಾಗನ್ನು ತೆರೆದಾಗ ಪರದೆಯ ಮೇಲೆ ಕಾಣುವ ವಾಕ್ಯಗಳು ಘಟನೆ ನಡೆದ ಕ್ಷಣದಲ್ಲಿಯೇ ಹಾಗೆಯೇ ಬರೆಯಲ್ಪಟ್ಟವು ಎಂದು ಬಹುತೇಕರು ಭಾವಿಸುತ್ತಾರೆ. ವಾಸ್ತವವಾಗಿ, ಹೆಚ್ಚು ಬಳಕೆಯಲ್ಲಿರುವ ವಿಂಡೋಸ್ ಗಣಕಗಳಲ್ಲಿ ಆ ವಾಕ್ಯವು ದಾಖಲೆಯಲ್ಲಿ ಇರುವುದೇ ಇಲ್ಲ. ದಾಖಲೆಯಲ್ಲಿರುವುದು ಒಂದು ಸಂಖ್ಯೆ ಮತ್ತು ಕೆಲವು ಬಿಡಿ ಪದಗಳು ಮಾತ್ರ. ವಾಕ್ಯವು ಇನ್ನೊಂದು ಕಡತದಲ್ಲಿ, ಅಂದರೆ ಲೈಬ್ರರಿ ಕಡತದಲ್ಲಿ ಇರುತ್ತದೆ. ಓದುವ ಸಮಯದಲ್ಲಿ ಇವೆರಡೂ ಸೇರಿದಾಗಲೇ ಅರ್ಥ ಹುಟ್ಟುತ್ತದೆ. ಈ ವ್ಯವಸ್ಥೆ ಹೇಗೆ ನಡೆಯುತ್ತದೆ, ದಾಖಲೆಗಳ ಸಂರಕ್ಷಣೆಗೂ ಕನ್ನಡದ ವಾಕ್ಯರಚನೆಗೂ ಅದು ಒಡ್ಡುವ ಪ್ರಶ್ನೆಗಳಾವುವು ಎಂಬುದನ್ನು ಪ್ರಸ್ತುತ ಲೇಖನದಲ್ಲಿ ವಿವೇಚಿಸಲಾಗಿದೆ.

1. ಲಾಗ್ ಮತ್ತು ಕಡತ: ಎರಡು ಪದಗಳ ಹಿನ್ನೆಲೆ

ಲಾಗ್ ಎಂಬ ಇಂಗ್ಲಿಷ್ ಪದದ ಮೂಲಾರ್ಥ ಮರದ ದಿಮ್ಮಿ. ಹಡಗಿನ ವೇಗವನ್ನು ಅಳೆಯಲು ನಾವಿಕರು ಗಂಟುಗಳಿದ್ದ ಹಗ್ಗಕ್ಕೆ ಮರದ ತುಂಡೊಂದನ್ನು ಕಟ್ಟಿ ಸಮುದ್ರಕ್ಕೆ ಬಿಡುತ್ತಿದ್ದರು. ನಿಗದಿತ ಕಾಲದಲ್ಲಿ ಎಷ್ಟು ಗಂಟುಗಳು ಸರಿದವು ಎಂಬುದನ್ನು ಎಣಿಸಿ ಬರೆದಿಡುವ ಪುಸ್ತಕಕ್ಕೆ ಆ ಮರದ ತುಂಡಿನ ಹೆಸರೇ ನಿಂತಿತು. ಕಾಲಕ್ರಮದಲ್ಲಿ ಆಗುಹೋಗುಗಳನ್ನು ವೇಳೆಯೊಡನೆ ಬರೆದಿಡುವ ಯಾವುದೇ ಪುಸ್ತಕಕ್ಕೂ, ಕೊನೆಗೆ ಗಣಕದ ದಾಖಲೆಗೂ ಅದೇ ಹೆಸರು ಬಂದಿತು.

ಕನ್ನಡದಲ್ಲಿ ಫೈಲ್ ಎಂಬುದಕ್ಕೆ ರೂಢಿಯಾಗಿರುವ ಕಡತ ಎಂಬ ಪದಕ್ಕೂ ಇಂತಹದೇ ಹಿನ್ನೆಲೆಯಿದೆ. ಬಟ್ಟೆಗೆ ಹುಣಿಸೆಬೀಜದ ಅಂಟನ್ನೂ ಇದ್ದಿಲಿನ ಪುಡಿಯನ್ನೂ ಲೇಪಿಸಿ, ಒಣಗಿಸಿ, ಮಡಿಕೆ ಮಡಿಕೆಯಾಗಿ ಮಡಿಸಿದ ಕಪ್ಪು ಪುಸ್ತಕವೇ ಕಡತ. ಅದರ ಮೇಲೆ ಬಳಪದಿಂದ ಲೆಕ್ಕಪತ್ರಗಳನ್ನು ಬರೆಯುತ್ತಿದ್ದರು. ಶೃಂಗೇರಿ ಮಠದ ಕಡತಗಳು ಇತಿಹಾಸ ಸಂಶೋಧಕರಿಗೆ ಪರಿಚಿತವಾದವು. ಬಳಪದ ಬರಹವನ್ನು ಒರಸಿ ಅದೇ ಮಡಿಕೆಯಲ್ಲಿ ಮತ್ತೆ ಬರೆಯಲು ಸಾಧ್ಯವಿದ್ದುದು ಕಡತದ ಅನುಕೂಲವೂ ಹೌದು, ಮಿತಿಯೂ ಹೌದು. ಗಣಕದ ಲಾಗ್ ಕಡತವೂ ಈ ಗುಣವನ್ನು ಹೊಂದಿದೆ. ಅದಕ್ಕೆ ಗೊತ್ತುಪಡಿಸಿದ ಗಾತ್ರ ತುಂಬಿದ ಮೇಲೆ ಹಳೆಯ ನಮೂದುಗಳು ಅಳಿದು ಹೊಸವು ಆ ಜಾಗಕ್ಕೆ ಬರುತ್ತವೆ. ವಿಂಡೋಸ್ ಎಕ್ಸ್‌ಪಿಯಲ್ಲಿ ಪ್ರತಿಯೊಂದು ಲಾಗಿಗೂ ಮೊದಲೇ ನಿಗದಿಯಾಗಿದ್ದ ಗಾತ್ರ 512 ಕೆಬಿ ಮಾತ್ರ. ವಿಸ್ತಾ ಆವೃತ್ತಿಯಿಂದೀಚೆಗೆ ಮುಖ್ಯ ಲಾಗುಗಳಿಗೆ ಅದು ಸುಮಾರು 20 ಎಂಬಿಗೆ ಏರಿತು. ಸತತವಾಗಿ ಬಳಕೆಯಲ್ಲಿರುವ ಗಣಕದಲ್ಲಿ ಇದೂ ಬೇಗನೆ ತುಂಬಬಲ್ಲದು. ಆದುದರಿಂದ ಲಾಗಿನ ಸಾಕ್ಷ್ಯಕ್ಕೆ ಆಯುಷ್ಯದ ಮಿತಿಯಿದೆ ಎಂಬುದನ್ನು ಮೊದಲಿಗೆ ನೆನಪಿಡಬೇಕು.

2. ಲೈಬ್ರರಿ ಕಡತ ಎಂದರೇನು?

ತಂತ್ರಾಂಶದ ಪರಿಭಾಷೆಯಲ್ಲಿ ಲೈಬ್ರರಿ ಎಂದರೆ ಹಲವು ತಂತ್ರಾಂಶಗಳು ಹಂಚಿಕೊಂಡು ಬಳಸುವ ಸಿದ್ಧ ಕಾರ್ಯಗಳ ಅಥವಾ ಸಾಮಗ್ರಿಗಳ ಸಂಗ್ರಹ. ಇದನ್ನು ಗ್ರಂಥಾಲಯ ಎಂದು ಅನುವಾದಿಸುವ ಪ್ರಯತ್ನಗಳಿದ್ದರೂ ಲೈಬ್ರರಿ ಎಂಬ ಪದವೇ ಬಳಕೆಯಲ್ಲಿ ನಿಂತಿದೆ. ವಿಂಡೋಸ್‌ನಲ್ಲಿ ಇಂತಹ ಕಡತಗಳಿಗೆ ಡೈನಾಮಿಕ್ ಲಿಂಕ್ ಲೈಬ್ರರಿ, ಸಂಕ್ಷೇಪವಾಗಿ ಡಿಎಲ್‌ಎಲ್ ಎಂದು ಹೆಸರು. ಬಳಕೆದಾರರು ಇದನ್ನು ನೇರವಾಗಿ ತೆರೆದು ನಡೆಸುವಂತಿಲ್ಲ. ಬೇರೊಂದು ತಂತ್ರಾಂಶ ಕೆಲಸ ಮಾಡುತ್ತಿರುವಾಗ ಅಗತ್ಯಬಿದ್ದರೆ ಮಾತ್ರ ಅದು ಸ್ಮೃತಿಗೆ ಬಂದು ತನ್ನಲ್ಲಿರುವುದನ್ನು ಒದಗಿಸುತ್ತದೆ. ವ್ಯಾಕರಣದಿಂದ ಹೋಲಿಕೆ ಕೊಡುವುದಾದರೆ ಡಿಎಲ್‌ಎಲ್ ಒಂದು ಪ್ರತ್ಯಯದಂತೆ: ಅದಕ್ಕೆ ಸ್ವತಂತ್ರ ಪ್ರಯೋಗವಿಲ್ಲ, ಆದರೆ ಅದಿಲ್ಲದೆ ಪದವು ವಾಕ್ಯದಲ್ಲಿ ನಿಲ್ಲಲಾರದು.

ಲಾಗಿಗೆ ಸಂಬಂಧಿಸಿದಂತೆ ಎರಡು ಬಗೆಯ ಲೈಬ್ರರಿ ಕಡತಗಳನ್ನು ಪ್ರತ್ಯೇಕವಾಗಿ ಗುರುತಿಸುವುದು ಅವಶ್ಯ. ಮೊದಲನೆಯದು ಕಾರ್ಯ ಮಾಡುವ ಲೈಬ್ರರಿ. ದಾಖಲೆಯನ್ನು ಬರೆಯುವ, ಓದುವ, ಹೊಸ ನಮೂದು ಬಂದಾಗ ಎಚ್ಚರಿಸುವ ಕ್ರಮವಿಧಿಗಳು ಇದರಲ್ಲಿರುತ್ತವೆ. ಎರಡನೆಯದು ಸಂದೇಶದ ಲೈಬ್ರರಿ; ಇದರಲ್ಲಿ ಸಂಖ್ಯೆಗಳೂ ಅವುಗಳಿಗೆ ಹೊಂದಿದ ವಾಕ್ಯಗಳೂ ಮುಖ್ಯವಾಗಿರುತ್ತವೆ. ಮೊದಲನೆಯದು ಲೇಖಕನ ಕೈ, ಎರಡನೆಯದು ಭಾಷೆ ಎನ್ನಬಹುದು.

3. ಒಡೆದ ವಾಕ್ಯ

1993ರಲ್ಲಿ ಹೊರಬಂದ ವಿಂಡೋಸ್ ಎನ್‌ಟಿಯಲ್ಲಿ ಘಟನಾ ದಾಖಲೆಯ ವ್ಯವಸ್ಥೆ ಮೊದಲಿಗೆ ಅಳವಟ್ಟಿತು. ಅಪ್ಲಿಕೇಷನ್, ಸಿಸ್ಟಮ್, ಸೆಕ್ಯೂರಿಟಿ ಎಂಬ ಮೂರು ಲಾಗುಗಳ ವಿಂಗಡಣೆ ಅಂದಿನಿಂದಲೂ ಮುಂದುವರಿದಿದೆ. ಇವುಗಳನ್ನು ನೋಡುವ ಸಾಧನದ ಹೆಸರು ಈವೆಂಟ್ ವ್ಯೂವರ್. ಪ್ರತಿಯೊಂದು ಘಟನೆಗೂ ಒಂದು ಸಂಖ್ಯೆಯಿರುತ್ತದೆ. ಸಿಸ್ಟಮ್ ಲಾಗಿನಲ್ಲಿ 6005 ಎಂದರೆ ದಾಖಲೆಯ ಸೇವೆ ಆರಂಭವಾಯಿತು, 6006 ಎಂದರೆ ಅದು ನಿಂತಿತು, 6008 ಎಂದರೆ ಹಿಂದಿನ ಸಲ ಗಣಕ ಅನಿರೀಕ್ಷಿತವಾಗಿ ಸ್ಥಗಿತಗೊಂಡಿತ್ತು ಎಂದು ಅರ್ಥ. ವಿದ್ಯುತ್ ಕಡಿತವಾದ ಮರುದಿನ ಗಣಕವನ್ನು ತೆರೆದರೆ ಸಾಮಾನ್ಯವಾಗಿ ಕಾಣುವುದು ಈ 6008.

ಘಟನೆ ನಡೆದಾಗ ಸಂಬಂಧಪಟ್ಟ ತಂತ್ರಾಂಶವು ಪೂರ್ಣ ವಾಕ್ಯವನ್ನು ಬರೆಯುವುದಿಲ್ಲ. ತನ್ನ ಹೆಸರು, ಘಟನೆಯ ಸಂಖ್ಯೆ, ವೇಳೆ, ಮತ್ತು ಆ ಘಟನೆಗೆ ವಿಶಿಷ್ಟವಾದ ಬಿಡಿ ಪದಗಳನ್ನು ಮಾತ್ರ ಒಪ್ಪಿಸುತ್ತದೆ. ವಾಕ್ಯದ ಅಚ್ಚು ಸಂದೇಶದ ಡಿಎಲ್‌ಎಲ್‌ನಲ್ಲಿ ಇರುತ್ತದೆ. ಆ ಅಚ್ಚಿನಲ್ಲಿ %1, %2 ಎಂಬ ಖಾಲಿ ಸ್ಥಾನಗಳಿರುತ್ತವೆ. ಯಾವ ತಂತ್ರಾಂಶದ ಸಂದೇಶಗಳು ಯಾವ ಡಿಎಲ್‌ಎಲ್‌ನಲ್ಲಿವೆ ಎಂಬುದನ್ನು ವಿಂಡೋಸ್‌ನ ರಿಜಿಸ್ಟ್ರಿಯಲ್ಲಿ ಬರೆದಿಡಲಾಗಿರುತ್ತದೆ. ಈವೆಂಟ್ ವ್ಯೂವರ್ ಮೊದಲು ದಾಖಲೆಯಿಂದ ಸಂಖ್ಯೆಯನ್ನು ಓದುತ್ತದೆ, ರಿಜಿಸ್ಟ್ರಿಯನ್ನು ನೋಡಿ ಡಿಎಲ್‌ಎಲ್‌ನ ವಿಳಾಸವನ್ನು ತಿಳಿಯುತ್ತದೆ, ಅಲ್ಲಿಂದ ಅಚ್ಚನ್ನು ತಂದು ಖಾಲಿ ಸ್ಥಾನಗಳಲ್ಲಿ ಬಿಡಿ ಪದಗಳನ್ನು ತುಂಬಿ ತೋರಿಸುತ್ತದೆ. ಹೀಗೆ ಓದುಗರು ನೋಡುವ ವಾಕ್ಯವು ಓದುವ ಕ್ಷಣದಲ್ಲಿ ಕಟ್ಟಿದ್ದೇ ಹೊರತು ಬರೆದ ಕ್ಷಣದ್ದಲ್ಲ.

ಈ ಏರ್ಪಾಡಿಗೆ ಎರಡು ಕಾರಣಗಳನ್ನು ಗುರುತಿಸಬಹುದು. ಒಂದೇ ವಾಕ್ಯವನ್ನು ಸಾವಿರ ಸಲ ಬರೆಯುವುದಕ್ಕಿಂತ ಸಂಖ್ಯೆಯನ್ನು ಬರೆದರೆ ಜಾಗ ಉಳಿಯುತ್ತದೆ. ಅದಕ್ಕಿಂತ ಮುಖ್ಯವಾಗಿ, ಸಂಖ್ಯೆಗೆ ಭಾಷೆಯಿಲ್ಲ. ಒಂದೇ ದಾಖಲೆಯನ್ನು ಜರ್ಮನ್ ಗಣಕದಲ್ಲಿ ಜರ್ಮನ್ ವಾಕ್ಯವಾಗಿಯೂ ಜಪಾನಿ ಗಣಕದಲ್ಲಿ ಜಪಾನಿ ವಾಕ್ಯವಾಗಿಯೂ ಓದಬಹುದು. ವಿಂಡೋಸ್‌ನಲ್ಲಿ ಪ್ರತಿ ಭಾಷೆಗೂ ಒಂದು ಗುರುತಿನ ಸಂಖ್ಯೆಯಿದೆ, ಕನ್ನಡದ್ದು 1099. ವಿಸ್ತಾದಿಂದೀಚೆಗೆ ಭಾಷಾಸಂಬಂಧಿಯಾದ ಭಾಗವನ್ನು ಎಂಯುಐ ಎಂಬ ಪ್ರತ್ಯೇಕ ಕಡತಗಳಲ್ಲಿ ಇರಿಸುವ ಪದ್ಧತಿ ವಿಂಡೋಸ್‌ನ ಎಲ್ಲೆಡೆ ರೂಢಿಗೆ ಬಂದಿತು.

4. ಮೂಕವಾಗುವ ದಾಖಲೆ

ವಾಕ್ಯವು ಬೇರೆಡೆ ಇರುವುದರಿಂದ ಉಂಟಾಗುವ ತೊಡಕು ಸ್ಪಷ್ಟವಾಗಿದೆ. ದಾಖಲೆಯನ್ನು ಮಾತ್ರ ನಕಲು ಮಾಡಿ ಇನ್ನೊಂದು ಗಣಕಕ್ಕೆ ಒಯ್ದರೆ, ಅಥವಾ ಸಂಬಂಧಪಟ್ಟ ತಂತ್ರಾಂಶವನ್ನು ಗಣಕದಿಂದ ತೆಗೆದುಹಾಕಿದರೆ, ಈ ಸಂಖ್ಯೆಯ ಘಟನೆಗೆ ವಿವರಣೆ ದೊರೆಯಲಿಲ್ಲ ಎಂಬರ್ಥದ ಸೂಚನೆ ಬರುತ್ತದೆ. ಬಿಡಿ ಪದಗಳು ಅದರ ಕೆಳಗೆ ಸಾಲಾಗಿ ಕಾಣುತ್ತವೆ. ಕರ್ತೃ ಯಾವುದು, ಕರ್ಮ ಯಾವುದು, ಕ್ರಿಯೆ ಏನು ಎಂಬುದು ತಿಳಿಯುವುದಿಲ್ಲ.

ಕನ್ನಡ ಅಧ್ಯಾಪಕರಿಗೆ ಇದು ಹೊಸ ಅನುಭವವೇನಲ್ಲ. ಯೂನಿಕೋಡ್ ರೂಢಿಗೆ ಬರುವ ಮೊದಲು ನುಡಿ, ಬರಹ ಮೊದಲಾದ ತಂತ್ರಾಂಶಗಳಲ್ಲಿ ಸಿದ್ಧಪಡಿಸಿದ ಲೇಖನವನ್ನು ಆ ಫಾಂಟ್ ಇಲ್ಲದ ಗಣಕದಲ್ಲಿ ತೆರೆದಾಗ ಕನ್ನಡದ ಬದಲು ರೋಮನ್ ಅಕ್ಷರಗಳ ಅರ್ಥಹೀನ ಸಾಲುಗಳು ಕಾಣಿಸುತ್ತಿದ್ದವು. ಕಡತ ಕೆಟ್ಟಿರಲಿಲ್ಲ, ಅದರ ಒಂದು ಅಕ್ಷರವೂ ಕಳೆದಿರಲಿಲ್ಲ. ಆ ಸಂಕೇತಗಳನ್ನು ಕನ್ನಡವಾಗಿ ತೋರಿಸುವ ಕೀಲಿಯು ಫಾಂಟಿನಲ್ಲಿತ್ತು, ಕಡತದಲ್ಲಿರಲಿಲ್ಲ. ಅಕ್ಷರದ ಮಟ್ಟದಲ್ಲಿದ್ದ ಈ ಸಮಸ್ಯೆಯನ್ನು ಯೂನಿಕೋಡ್ ಬಹುಮಟ್ಟಿಗೆ ಪರಿಹರಿಸಿತು. 2001ರ ವಿಂಡೋಸ್ ಎಕ್ಸ್‌ಪಿಯಲ್ಲಿ ತುಂಗಾ ಫಾಂಟಿನೊಡನೆ ಕನ್ನಡದ ಯೂನಿಕೋಡ್ ಸೌಲಭ್ಯ ಬಂದಿತು. ಲಾಗಿನಲ್ಲಿ ಅದೇ ಸಮಸ್ಯೆ ವಾಕ್ಯದ ಮಟ್ಟದಲ್ಲಿ ಉಳಿದಿದೆ.

ಇದರ ಗಂಭೀರತೆಯನ್ನು ಒಂದು ನಿದರ್ಶನದಿಂದ ತಿಳಿಯಬಹುದು. ಕಡತಗಳ ಬಳಕೆಯನ್ನು ದಾಖಲಿಸುವ ವ್ಯವಸ್ಥೆಯನ್ನು ಗಣಕದಲ್ಲಿ ಮುಂಚಿತವಾಗಿ ಚಾಲನೆಗೊಳಿಸಿದ್ದರೆ (ಅದು ತಾನಾಗಿ ಚಾಲನೆಯಲ್ಲಿರುವುದಿಲ್ಲ), ಗೊತ್ತುಪಡಿಸಿದ ಕಡತದ ಮೇಲೆ ನಡೆದ ಕ್ರಿಯೆಯು ಸೆಕ್ಯೂರಿಟಿ ಲಾಗಿನಲ್ಲಿ 4663 ಎಂಬ ಸಂಖ್ಯೆಯಡಿ ದಾಖಲಾಗುತ್ತದೆ. ಅದರಲ್ಲಿ ಕಡತದ ಹೆಸರು, ಬಳಕೆದಾರರ ಖಾತೆಯ ಹೆಸರು ಇರುತ್ತವೆ. ಬಳಸಿದ ಅಧಿಕಾರ ಯಾವುದು ಎಂಬುದನ್ನು ಹೇಳಬೇಕಾದ ಖಾನೆಯಲ್ಲಿ %%1537 ಎಂಬ ಸಂಕೇತವಿರುತ್ತದೆ. ಈ ಸಂಕೇತಕ್ಕೆ ಅಳಿಸುವಿಕೆ ಎಂಬ ಅರ್ಥವಿದೆ ಎಂಬುದು ಎಂಎಸ್‌ಆಬ್ಜ್ಸ್ ಎಂಬ ಡಿಎಲ್‌ಎಲ್‌ನಲ್ಲಿರುತ್ತದೆ. ಎಂದರೆ ಇಡೀ ಪ್ರಕರಣದ ಕ್ರಿಯಾಪದವೇ ದಾಖಲೆಯ ಹೊರಗಿದೆ.

ಅರ್ಥ ದೊರೆತ ಮೇಲೂ ಎಚ್ಚರ ಬೇಕು. 4663ರಲ್ಲಿ ಅಳಿಸುವಿಕೆ ಎಂದು ಕಂಡಮಾತ್ರಕ್ಕೆ ಕಡತ ಅಳಿಯಿತು ಎಂದು ತೀರ್ಮಾನಿಸಲಾಗದು. ಕಡತದ ಹೆಸರನ್ನು ಬದಲಿಸಲು ಅಥವಾ ಬೇರೆಡೆಗೆ ಸರಿಸಲು ಸಹ ವಿಂಡೋಸ್ ಇದೇ ಅಧಿಕಾರವನ್ನು ಕೇಳುತ್ತದೆ. ನಿಜವಾಗಿ ಅಳಿದುದನ್ನು ಹೇಳುವ ನಮೂದು 4660. ಆದರೆ ಅದರಲ್ಲಿ ಕಡತದ ಹೆಸರು ಇರುವುದಿಲ್ಲ. ಹ್ಯಾಂಡಲ್ ಎಂಬ ತಾತ್ಕಾಲಿಕ ಗುರುತು ಮಾತ್ರ ಇರುತ್ತದೆ. ಆ ಗುರುತನ್ನು ಹಿಂದಿನ 4663ರ ಗುರುತಿನೊಡನೆ ಹೋಲಿಸಿದಾಗ ಮಾತ್ರ ಯಾವ ಕಡತ ಅಳಿಯಿತು ಎಂಬುದು ಖಚಿತವಾಗುತ್ತದೆ. ಪಾಠಾಂತರಗಳನ್ನು ಹೋಲಿಸದೆ ಒಂದೇ ಪ್ರತಿಯನ್ನು ನಂಬಿ ಪಾಠನಿರ್ಣಯ ಮಾಡುವುದು ಹೇಗೆ ಅಶಾಸ್ತ್ರೀಯವೋ, ಒಂದೇ ನಮೂದನ್ನು ಓದಿ ಒಬ್ಬರನ್ನು ದೂಷಿಸುವುದೂ ಹಾಗೆಯೇ ಅಶಾಸ್ತ್ರೀಯ. ಕಡತದ ಹೆಸರನ್ನು ಸದುದ್ದೇಶದಿಂದ ತಿದ್ದಿದ ಸಂಶೋಧನಾ ಸಹಾಯಕರು ಅದನ್ನು ಅಳಿಸಿದವರೆಂದು ಆರೋಪಕ್ಕೆ ಒಳಗಾಗುವ ಸಾಧ್ಯತೆ ಇಲ್ಲಿದೆ.

ವೇಳೆಯ ವಿಷಯದಲ್ಲಿಯೂ ಇದೇ ಸ್ಥಿತಿ. ದಾಖಲೆಯಲ್ಲಿ ವೇಳೆಯು ಜಾಗತಿಕ ಪ್ರಮಾಣವೇಳೆಯ ಲೆಕ್ಕದಲ್ಲಿರುತ್ತದೆ. ತೋರಿಸುವಾಗ ಓದುತ್ತಿರುವ ಗಣಕದ ವೇಳಾವಲಯಕ್ಕೆ ಬದಲಾಗುತ್ತದೆ. ಬೆಳಿಗ್ಗೆ 10 ಗಂಟೆಗೆ ನಡೆದ ಘಟನೆ ಮೂಲರೂಪದಲ್ಲಿ 4 ಗಂಟೆ 30 ನಿಮಿಷ ಎಂದಿರುತ್ತದೆ. ಈ 5 ಗಂಟೆ 30 ನಿಮಿಷಗಳ ಅಂತರ ತಿಳಿಯದವರಿಗೆ ಯಾರೋ ನಸುಕಿನಲ್ಲಿ ಕಚೇರಿಯನ್ನು ಹೊಕ್ಕಂತೆ ತೋರುತ್ತದೆ.

5. ನಿಗಾ ಇಡುವ ಲೈಬ್ರರಿಗಳು

ಈವರೆಗೆ ವಿವರಿಸಿದ್ದು ಸಂದೇಶದ ಲೈಬ್ರರಿಯನ್ನು ಕುರಿತು. ದಾಖಲೆಯ ಮೇಲೆ ಸತತವಾಗಿ ನಿಗಾ ಇಡುವ ಕೆಲಸ ಕಾರ್ಯದ ಲೈಬ್ರರಿಗೆ ಸೇರಿದ್ದು. ವಿಂಡೋಸ್ ಎನ್‌ಟಿಯ ಕಾಲದಿಂದ ಈ ಕೆಲಸವನ್ನು ನಿರ್ವಹಿಸಿದುದು ಅಡ್ವಾಪಿ32 ಎಂಬ ಡಿಎಲ್‌ಎಲ್. ಲಾಗನ್ನು ತೆರೆಯುವುದು, ಓದುವುದು, ಬರೆಯುವುದು ಮತ್ತು ಹೊಸ ನಮೂದು ಬಂದಿದೆ ಎಂದು ತಿಳಿಸುವುದು ಇದರ ಕಾರ್ಯಗಳು. ಆದರೆ ಅದರ ಎಚ್ಚರಿಕೆ ಮಿತವಾದದ್ದು. ಏನೋ ಬಂದಿದೆ ಎಂದು ಹೇಳುತ್ತದೆಯೇ ಹೊರತು ಏನು ಬಂದಿದೆ ಎಂದು ಹೇಳುವುದಿಲ್ಲ. ಅದನ್ನೂ 5 ಸೆಕೆಂಡಿಗೆ ಒಂದಕ್ಕಿಂತ ಹೆಚ್ಚು ಸಲ ಹೇಳುವುದಿಲ್ಲ. ತಾನಿರುವ ಗಣಕದ ಲಾಗಿಗೆ ಮಾತ್ರ ಹೇಳುತ್ತದೆ. ಹಿಂದಿನ ಸಲ ಎಲ್ಲಿಯವರೆಗೆ ಓದಲಾಗಿತ್ತು ಎಂಬುದನ್ನು ನಿಗಾ ಇಡುವ ತಂತ್ರಾಂಶವೇ ನೆನಪಿಟ್ಟುಕೊಳ್ಳಬೇಕಿತ್ತು.

ವಿಸ್ತಾ ಆವೃತ್ತಿಯಲ್ಲಿ ಇಡೀ ವ್ಯವಸ್ಥೆ ಪರಿಷ್ಕಾರಗೊಂಡು ಡಬ್ಲ್ಯುಇವಿಟಿಎಪಿಐ ಎಂಬ ಹೊಸ ಡಿಎಲ್‌ಎಲ್ ಬಂದಿತು. ಇದರಲ್ಲಿ ನಿಗಾ ಇಡುವ ತಂತ್ರಾಂಶವು ತನಗೆ ಬೇಕಾದ ಸಂಖ್ಯೆ, ಬೇಕಾದ ಮಟ್ಟ, ಬೇಕಾದ ಖಾನೆಗಳನ್ನು ಸೂಚಿಸಿ ಚಂದಾದಾರನಂತೆ ಹೆಸರು ನೋಂದಾಯಿಸಬಹುದು. ಅದಕ್ಕೆ ಹೊಂದುವ ನಮೂದು ಬಂದೊಡನೆ ಆ ನಮೂದೇ ತಲುಪುತ್ತದೆ. ಎಲ್ಲಿಯವರೆಗೆ ಓದಲಾಯಿತು ಎಂಬುದನ್ನು ಗುರುತಿಸಿಡುವ ಸೌಲಭ್ಯವೂ ಇದೆ. ದಾಖಲೆಯ ರೂಪವೂ ಬದಲಾಯಿತು. ಹಳೆಯ ಇವಿಟಿ ಕಡತದಲ್ಲಿ ಬಿಡಿ ಪದಗಳು ಹೆಸರಿಲ್ಲದೆ ಸಾಲಾಗಿ ನಿಲ್ಲುತ್ತಿದ್ದವು. ಹೊಸ ಇವಿಟಿಎಕ್ಸ್ ಕಡತ ಎಕ್ಸ್‌ಎಂಎಲ್ ರಚನೆಯನ್ನು ಅನುಸರಿಸುವುದರಿಂದ, ಹೊಸ ಪದ್ಧತಿಯಂತೆ ರೂಪಿಸಿದ ಘಟನೆಗಳಲ್ಲಿ ಪ್ರತಿ ಪದಕ್ಕೂ ಖಾನೆಯ ಹೆಸರಿರುತ್ತದೆ. ಸಂದೇಶದ ಡಿಎಲ್‌ಎಲ್ ಇಲ್ಲದಿದ್ದರೂ ಇದು ಬಳಕೆದಾರರ ಹೆಸರು, ಇದು ಕಡತದ ಹೆಸರು ಎಂಬುದಾದರೂ ತಿಳಿಯುತ್ತದೆ. ಸೆಕ್ಯೂರಿಟಿ ಲಾಗಿನ ಸಂಖ್ಯೆಗಳೂ ಬದಲಾದವು. ಎಕ್ಸ್‌ಪಿಯಲ್ಲಿ ಯಶಸ್ವಿ ಪ್ರವೇಶಕ್ಕೆ 528, ವಿಫಲ ಪ್ರವೇಶಕ್ಕೆ 529 ಇದ್ದವು. ಈಗ ಅವು 4624 ಮತ್ತು 4625. ಹಳೆಯ ಸಂಖ್ಯೆಗೆ 4096 ಕೂಡಿಸಿದರೆ ಹೊಸದು ದೊರೆಯುವ ಈ ಕ್ರಮ ಅನೇಕ ಸೆಕ್ಯೂರಿಟಿ ಘಟನೆಗಳಿಗೆ ಅನ್ವಯಿಸುತ್ತದೆಯಾದರೂ ಎಲ್ಲಕ್ಕೂ ಅಲ್ಲ. ಸೆಕ್ಯೂರಿಟಿ ಲಾಗನ್ನೇ ಅಳಿಸಿದುದನ್ನು ಹೇಳುವ ಹಳೆಯ ಸಂಖ್ಯೆ 517, ಹೊಸದು 1102.

ಯುನಿಕ್ಸ್ ಪರಂಪರೆಯ ಸಿಸ್‌ಲಾಗ್ ಬೇರೊಂದು ಮಾರ್ಗ ಹಿಡಿಯಿತು. 1980ರ ದಶಕದಲ್ಲಿ ಎರಿಕ್ ಆಲ್ಮನ್ ಅವರು ಸೆಂಡ್‌ಮೇಲ್ ಯೋಜನೆಯ ಭಾಗವಾಗಿ ರೂಪಿಸಿದ ಈ ವ್ಯವಸ್ಥೆಯಲ್ಲಿ ವಾಕ್ಯವನ್ನು ಆ ಕ್ಷಣದಲ್ಲಿಯೇ ಪೂರ್ಣವಾಗಿ ಬರೆಯಲಾಗುತ್ತದೆ. ಯಾವುದೇ ಲೈಬ್ರರಿಯ ನೆರವಿಲ್ಲದೆ ದಶಕಗಳ ನಂತರವೂ ಅದನ್ನು ಓದಬಹುದು. ಆದರೆ ಅದು ಬರೆದ ಭಾಷೆಯಲ್ಲಿಯೇ ಉಳಿಯುತ್ತದೆ. ತಂತ್ರಾಂಶದ ಹೊಸ ಆವೃತ್ತಿಯಲ್ಲಿ ಪದವೊಂದು ಬದಲಾದರೂ ಹುಡುಕಾಟ ತಪ್ಪುತ್ತದೆ. ಆಪಲ್ ಸಂಸ್ಥೆ 2016ರ ಮ್ಯಾಕ್‌ಓಎಸ್ ಸಿಯೆರಾದಲ್ಲಿ ತಂದ ಹೊಸ ಲಾಗ್ ವ್ಯವಸ್ಥೆ ಮತ್ತೆ ಒಡೆದ ವಾಕ್ಯದ ಮಾರ್ಗವನ್ನೇ ಅನುಸರಿಸಿತು. ಅಲ್ಲಿಯೂ ವಾಕ್ಯದ ಅಚ್ಚುಗಳು ದಾಖಲೆಯ ಹೊರಗೆ ಪ್ರತ್ಯೇಕವಾಗಿ ಇರುತ್ತವೆ. ಹೀಗಾಗಿ ಇದು ಒಂದು ಸಂಸ್ಥೆಯ ವಿಲಕ್ಷಣ ನಿರ್ಧಾರವಲ್ಲ, ದಾಖಲೆಯ ಸ್ವರೂಪಕ್ಕೆ ಸಂಬಂಧಿಸಿದ ಮೂಲಭೂತ ಆಯ್ಕೆ.

ಓದುವ ಅಧಿಕಾರವನ್ನು ಲೈಬ್ರರಿಗೆ ಮಿತಿಮೀರಿ ಕೊಟ್ಟರೆ ಏನಾಗುತ್ತದೆ ಎಂಬುದಕ್ಕೆ 2021ರ ಡಿಸೆಂಬರ್‌ನಲ್ಲಿ ಬಯಲಾದ ಲಾಗ್4ಜೆ ದೋಷ ನಿದರ್ಶನವಾಗಿದೆ. ಜಾವಾ ಭಾಷೆಯ ತಂತ್ರಾಂಶಗಳಲ್ಲಿ ಲಾಗ್ ಬರೆಯಲು ವ್ಯಾಪಕವಾಗಿ ಬಳಕೆಯಲ್ಲಿದ್ದ ಈ ಲೈಬ್ರರಿಯು ದಾಖಲಿಸಬೇಕಾದ ಪದಗಳಲ್ಲಿ ವಿಶಿಷ್ಟ ಗುರುತುಗಳು ಕಂಡರೆ ಅವುಗಳನ್ನು ಅರ್ಥೈಸಲು ಹೊರಗಿನ ಸರ್ವರಿನ ವರೆಗೂ ಹೋಗುತ್ತಿತ್ತು. ಹಾಗಾಗಿ ಯಾರಾದರೂ ಒಂದು ಸಾಲನ್ನು ಬೆರಳಚ್ಚು ಮಾಡಿ, ಅದು ಲಾಗಿಗೆ ಸೇರುವಂತೆ ಮಾಡಿದರೆ ಸಾಕು, ಆ ಗಣಕದಲ್ಲಿ ತಮಗಿಷ್ಟವಾದ ಆಜ್ಞೆಯನ್ನು ನಡೆಸಬಹುದಿತ್ತು. ಮೈನ್‌ಕ್ರಾಫ್ಟ್ ಆಟದಲ್ಲಿ ಆಟಗಾರರು ಪರಸ್ಪರ ಕಳುಹಿಸುವ ಮಾತಿನ ಸಾಲೇ ಇದಕ್ಕೆ ಸಾಧನವಾಯಿತು. ದೋಷದ ತೀವ್ರತೆಗೆ 10ಕ್ಕೆ 10 ಅಂಕ ದೊರೆಯಿತು. ಸಾಕ್ಷಿಯ ಹೇಳಿಕೆಯನ್ನು ಬರೆದುಕೊಳ್ಳಬೇಕಾದ ಗುಮಾಸ್ತ ಅದನ್ನೇ ಅಪ್ಪಣೆಯೆಂದು ತಿಳಿದು ನಡೆಸಿದರೆ ಆಗುವ ಅನಾಹುತ ಇದು.

6. ಖಾಲಿ ಸ್ಥಾನ ಮತ್ತು ಕನ್ನಡ ವ್ಯಾಕರಣ

ಸಂದೇಶದ ಲೈಬ್ರರಿಯನ್ನು ಕನ್ನಡದಲ್ಲಿ ಸಿದ್ಧಪಡಿಸುವಾಗ ಎದುರಾಗುವ ಪ್ರಶ್ನೆಗಳು ನೇರವಾಗಿ ವ್ಯಾಕರಣಕ್ಕೆ ಸೇರಿದವು. ಪದಕ್ರಮದ ಸಮಸ್ಯೆ ಅಷ್ಟು ಕಠಿಣವಲ್ಲ. ಖಾಲಿ ಸ್ಥಾನಗಳಿಗೆ ಸಂಖ್ಯೆಯಿರುವುದರಿಂದ ಇಂಗ್ಲಿಷಿನಲ್ಲಿ %1 ಮೊದಲು ಬಂದರೂ ಕನ್ನಡದಲ್ಲಿ %2 ಅನ್ನು ಮೊದಲು ತಂದು, ಕ್ರಿಯಾಪದವನ್ನು ವಾಕ್ಯದ ಕೊನೆಯಲ್ಲಿ ಇಡಬಹುದು.

ನಿಜವಾದ ತೊಡಕು ವಿಭಕ್ತಿಯದು. ಇಂಗ್ಲಿಷಿನಲ್ಲಿ ಕಾರಕಸಂಬಂಧವು ಪದದ ಸ್ಥಾನದಿಂದಲೋ ಹಿಂದೆ ಬರುವ ಬಿಡಿ ಪದದಿಂದಲೋ ತಿಳಿಯುತ್ತದೆ. ಖಾಲಿ ಸ್ಥಾನದಲ್ಲಿ ಯಾವ ಪದ ಬಂದರೂ ವಾಕ್ಯ ಕೆಡುವುದಿಲ್ಲ. ಕನ್ನಡದಲ್ಲಿ ಪ್ರತ್ಯಯವು ಪದಕ್ಕೆ ಅಂಟಿಕೊಳ್ಳುತ್ತದೆ, ಅಂಟುವಾಗ ಪದದ ಅಂತ್ಯವನ್ನು ನೋಡುತ್ತದೆ. ಮರ ಎಂಬುದು ಮರವನ್ನು ಆದರೆ ಪಟ್ಟಿ ಎಂಬುದು ಪಟ್ಟಿಯನ್ನು ಆಗುತ್ತದೆ. ಗುರು ಎಂಬುದು ಗುರುವನ್ನು ಆದರೆ ಗದುಗು ಎಂಬುದು ಗದುಗನ್ನು ಆಗುತ್ತದೆ. ಸಪ್ತಮಿಯಲ್ಲಿ ಮರದಲ್ಲಿ, ಊರಿನಲ್ಲಿ, ಮನೆಯಲ್ಲಿ ಎಂಬ ಮೂರು ಬಗೆಗಳಿವೆ. ಎಲ್ಲಿ ಲೋಪ, ಎಲ್ಲಿ ಆಗಮ ಎಂಬುದನ್ನು ನಿರ್ಧರಿಸಲು ಪದವೇ ಕಣ್ಣೆದುರು ಇರಬೇಕು. ಲೈಬ್ರರಿಯನ್ನು ಸಿದ್ಧಪಡಿಸುವವರ ಎದುರಿಗೆ %1 ಎಂಬ ಗುರುತು ಮಾತ್ರ ಇರುತ್ತದೆ. ಯಾವ ಪದ ಬರುವುದೆಂದು ತಿಳಿಯದೆ ಪ್ರತ್ಯಯ ಹಚ್ಚಿದರೆ ಪಟ್ಟಿ ಅನ್ನು, ಮರ ಅಲ್ಲಿ ಎಂಬಂತಹ ಬೆಸುಗೆಯಿಲ್ಲದ ರೂಪಗಳು ಉಂಟಾಗುತ್ತವೆ. ಬ್ಯಾಂಕಿನ ಯಂತ್ರಗಳಲ್ಲಿಯೂ ಮೊಬೈಲುಗಳಲ್ಲಿಯೂ ಕಾಣುವ ಕೃತಕ ಕನ್ನಡಕ್ಕೆ ಇದೊಂದು ಮುಖ್ಯ ಕಾರಣ.

ಎರಡನೆಯ ತೊಡಕು ಲಿಂಗ ಮತ್ತು ವಚನಗಳದು. ಅಳಿಸಿದನು, ಅಳಿಸಿದಳು, ಅಳಿಸಿದರು, ಅಳಿಸಿತು ಎಂಬ ನಾಲ್ಕರಲ್ಲಿ ಯಾವುದನ್ನು ಬರೆಯಬೇಕು? ಬಳಕೆದಾರರ ಖಾತೆಯ ಹೆಸರಿನಿಂದ ಇದು ತಿಳಿಯುವುದಿಲ್ಲ. ಅನೇಕ ಘಟನೆಗಳಲ್ಲಿ ಕರ್ತೃವು ವ್ಯಕ್ತಿಯೇ ಅಲ್ಲ, ವ್ಯವಸ್ಥೆಯ ಆಂತರಿಕ ಖಾತೆ.

ಇದಕ್ಕೆ ಕನ್ನಡದೊಳಗಿನಿಂದಲೇ ಪರಿಹಾರವಿದೆ. ಎಂಬ ಎನ್ನುವ ಕೃದಂತರೂಪವನ್ನು ಬಳಸಿ ಅನಿರ್ದಿಷ್ಟ ಪದವನ್ನು ಹಾಗೆಯೇ ಬಿಟ್ಟು, ಪ್ರತ್ಯಯವನ್ನು ಅದರ ಮುಂದಿನ ನಿರ್ದಿಷ್ಟ ಪದಕ್ಕೆ ಹಚ್ಚಬಹುದು. %1 ಎಂಬ ಕಡತವನ್ನು %2 ಎಂಬ ಖಾತೆಯಿಂದ ಅಳಿಸಲಾಗಿದೆ ಎಂಬ ವಾಕ್ಯದಲ್ಲಿ %1, %2 ಎಂಬಲ್ಲಿ ಯಾವ ಪದ ಬಂದರೂ ಸಂಧಿಯ ತೊಡಕಿಲ್ಲ, ಲಿಂಗದ ಗೊಂದಲವಿಲ್ಲ. ಶಾಸನಸೂಚಿ ಎಂಬ ಕಡತವಾಗಲಿ ಗದುಗು ಎಂಬ ಕಡತವಾಗಲಿ ವಾಕ್ಯ ಶುದ್ಧವಾಗಿಯೇ ಉಳಿಯುತ್ತದೆ.

ಈ ರಚನೆಗೆ ವ್ಯಾಕರಣಶುದ್ಧಿಯ ಜೊತೆಗೆ ಇನ್ನೊಂದು ಗುಣವಿದೆ. ಇಂತಹವರು ಅಳಿಸಿದರು ಎಂಬ ವಾಕ್ಯ ವ್ಯಕ್ತಿಯ ಮೇಲೆ ಕ್ರಿಯೆಯನ್ನು ಹೊರಿಸುತ್ತದೆ. ಇಂತಹ ಖಾತೆಯಿಂದ ಅಳಿಸಲಾಗಿದೆ ಎಂಬುದು ಗಣಕಕ್ಕೆ ನಿಜವಾಗಿ ತಿಳಿದಿರುವಷ್ಟನ್ನು ಮಾತ್ರ ಹೇಳುತ್ತದೆ. ಗಣಕಕ್ಕೆ ಖಾತೆ ಗೊತ್ತು, ಕುರ್ಚಿಯಲ್ಲಿ ಕುಳಿತವರು ಯಾರೆಂದು ಗೊತ್ತಿಲ್ಲ. ಒಂದೇ ಗುಪ್ತಪದವನ್ನು ಹಲವರು ಬಳಸುವ ಕಚೇರಿಯಲ್ಲಿ ಈ ವ್ಯತ್ಯಾಸ ಅತ್ಯಂತ ಮಹತ್ವದ್ದು. ವ್ಯಾಕರಣದ ಒತ್ತಡದಿಂದ ಹುಟ್ಟಿದ ಈ ಕನ್ನಡ ವಾಕ್ಯವು ಸಾಕ್ಷ್ಯದ ದೃಷ್ಟಿಯಿಂದ ಹೆಚ್ಚು ಪ್ರಾಮಾಣಿಕವಾದುದು.

7. ಸಂರಕ್ಷಣೆಯ ಕ್ರಮ

ಮೇಲಿನ ವಿವೇಚನೆಯಿಂದ ಕೆಲವು ವ್ಯಾವಹಾರಿಕ ಅಂಶಗಳು ಹೊರಡುತ್ತವೆ. ಲಾಗನ್ನು ಕಾಪಿಡಬೇಕಾದಾಗ ಇವಿಟಿಎಕ್ಸ್ ಕಡತವೊಂದನ್ನೇ ನಕಲು ಮಾಡಿದರೆ ಸಾಲದು. ಈವೆಂಟ್ ವ್ಯೂವರ್‌ನಲ್ಲಿ ಲಾಗನ್ನು ಉಳಿಸುವಾಗ ಪ್ರದರ್ಶನ ಮಾಹಿತಿಯನ್ನೂ ಸೇರಿಸಬೇಕೆ ಎಂಬ ಪ್ರಶ್ನೆ ಬರುತ್ತದೆ. ಅದನ್ನು ಆಯ್ದುಕೊಂಡರೆ ಕಡತದ ಪಕ್ಕದಲ್ಲಿ ಲೊಕೇಲ್‌ಮೆಟಾಡೇಟಾ ಎಂಬ ಫೋಲ್ಡರ್ ಸೃಷ್ಟಿಯಾಗಿ, ಅಗತ್ಯವಾದ ವಾಕ್ಯಗಳು ಅದರಲ್ಲಿ ಸೇರುತ್ತವೆ. ಕಡತವನ್ನೂ ಈ ಫೋಲ್ಡರನ್ನೂ ಬೇರ್ಪಡಿಸದೆ ಒಟ್ಟಿಗೆ ಒಯ್ಯಬೇಕು. ಗಣಕದ ವೇಳಾವಲಯ, ವಿಂಡೋಸ್ ಆವೃತ್ತಿ, ಖಾತೆಗಳನ್ನು ಬಳಸುವವರ ವಿವರ ಇವುಗಳನ್ನು ಪ್ರತ್ಯೇಕ ಟಿಪ್ಪಣಿಯಲ್ಲಿ ಬರೆದಿಡುವುದು ಒಳ್ಳೆಯದು. ಘಟನೆ ತಿಳಿದ ದಿನವೇ ಈ ಕೆಲಸ ನಡೆಯಬೇಕು. ತಡವಾದಷ್ಟೂ ಹಳೆಯ ನಮೂದುಗಳು ಅಳಿಯುವ ಸಂಭವ ಹೆಚ್ಚು.

ಕಾನೂನಿನ ದೃಷ್ಟಿಯಿಂದಲೂ ಇದಕ್ಕೆ ಮಹತ್ವ ಬಂದಿದೆ. ಭಾರತದ ಸೈಬರ್ ಸುರಕ್ಷಾ ಸಂಸ್ಥೆಯಾದ ಸರ್ಟ್-ಇನ್ 28 ಏಪ್ರಿಲ್ 2022ರಂದು ಹೊರಡಿಸಿದ ನಿರ್ದೇಶನದಲ್ಲಿ ಸರ್ಕಾರಿ ಸಂಸ್ಥೆಗಳೂ ಸೇರಿದಂತೆ ತನ್ನ ವ್ಯಾಪ್ತಿಗೆ ಬರುವ ಸಂಸ್ಥೆಗಳು ಗಣಕವ್ಯವಸ್ಥೆಗಳ ಲಾಗುಗಳನ್ನು 180 ದಿನಗಳ ಕಾಲ ಉಳಿಸಿಕೊಳ್ಳಬೇಕೆಂದು ವಿಧಿಸಿದೆ. 1 ಜುಲೈ 2024ರಿಂದ ಜಾರಿಯಲ್ಲಿರುವ ಭಾರತೀಯ ಸಾಕ್ಷ್ಯ ಅಧಿನಿಯಮದ 63ನೆಯ ಪ್ರಕರಣ ವಿದ್ಯುನ್ಮಾನ ದಾಖಲೆಗಳಿಗೆ ಪ್ರಮಾಣಪತ್ರವನ್ನು ಕೇಳುತ್ತದೆ. ಅದರ ನಮೂನೆಯಲ್ಲಿ ಕಡತದ ಹ್ಯಾಶ್ ಮೌಲ್ಯವನ್ನು ನಮೂದಿಸಬೇಕಾಗುತ್ತದೆ. ಕಡತದಲ್ಲಿ ಒಂದು ಬಿಂದು ಬದಲಾದರೂ ಬೇರೆಯಾಗುವ ಸಂಖ್ಯೆಯೇ ಹ್ಯಾಶ್. ದಾಖಲೆ ಬದಲಾಗಿಲ್ಲ ಎಂಬುದನ್ನು ಅದು ಸಾಧಿಸುತ್ತದೆ. ಆದರೆ ದಾಖಲೆಯನ್ನು ಓದಿದ ವಾಕ್ಯ ಸರಿಯಾದುದೇ ಎಂಬುದನ್ನು ಅದು ಸಾಧಿಸಲಾರದು. ಆ ಹೊಣೆ ಓದುವವರದು.

ಸಮಾರೋಪ

ಗಣಕದ ಲಾಗ್ ಸ್ವಯಂಪೂರ್ಣವಾದ ಪಠ್ಯವಲ್ಲ. ದಾಖಲೆಯು ಸಂಖ್ಯೆಯನ್ನೂ ಪದಗಳನ್ನೂ ಕೊಡುತ್ತದೆ, ಲೈಬ್ರರಿಯು ವಾಕ್ಯವನ್ನು ಕೊಡುತ್ತದೆ, ಓದುವವರು ನಮೂದುಗಳನ್ನು ಹೋಲಿಸಿ ಅರ್ಥವನ್ನು ನಿರ್ಣಯಿಸುತ್ತಾರೆ. ಇವುಗಳಲ್ಲಿ ಒಂದು ತಪ್ಪಿದರೂ ಸಾಕ್ಷ್ಯ ಮೂಕವಾಗುತ್ತದೆ, ಇಲ್ಲವೇ ಸುಳ್ಳಾಡುತ್ತದೆ. ಪ್ರತಿಗಳನ್ನು ಹೋಲಿಸುವುದು, ಕಾಲವನ್ನು ನಿರ್ಣಯಿಸುವುದು, ಸಂಕ್ಷೇಪಗಳನ್ನು ಬಿಡಿಸುವುದು ಕನ್ನಡ ವಿದ್ವಾಂಸರಿಗೆ ಗ್ರಂಥಸಂಪಾದನೆಯಿಂದ ಬಂದ ಶಿಸ್ತು. ಆ ಶಿಸ್ತನ್ನು ತಮ್ಮ ಮೇಜಿನ ಮೇಲಿರುವ ಯಂತ್ರದ ದಾಖಲೆಗೂ ಅನ್ವಯಿಸುವ ಅಗತ್ಯವಿದೆ. ಸಂದೇಶದ ಲೈಬ್ರರಿಗಳನ್ನು ಕನ್ನಡಗೊಳಿಸುವ ಕಾರ್ಯದಲ್ಲಿ ಸಂಖ್ಯೆಯನ್ನು ಹಾಗೆಯೇ ಉಳಿಸಿಕೊಂಡು, ವಾಕ್ಯವನ್ನು ಕನ್ನಡದ ಜಾಯಮಾನಕ್ಕೆ ತಕ್ಕಂತೆ ಕಟ್ಟುವುದು ವಿಹಿತವಾದ ಮಾರ್ಗ. ತಂತ್ರಜ್ಞರು ಒಬ್ಬರೇ ಮಾಡಲಾರದ ಈ ಕೆಲಸದಲ್ಲಿ ವ್ಯಾಕರಣವನ್ನು ಬಲ್ಲವರ ಪಾಲು ದೊಡ್ಡದಿದೆ.